ಬೀದಿಯಲ್ಲಿ ಜಾಗ ಸಿಗದ ಸಂಖ್ಯೆ

ಸಂಖ್ಯೆಗಳೆಲ್ಲ ಒಂದೇ ನೇರ ಬೀದಿಯಲ್ಲಿ ವಾಸವಾಗಿದ್ದವು. ಹೊಸಬರು ತಾವು ಯಾರಿಗಿಂತ ದೊಡ್ಡವರು, ಯಾರಿಗಿಂತ ಚಿಕ್ಕವರು ಎಂದು ಹೇಳಿದ ಮೇಲೆಯೇ ಅಲ್ಲಿ ಮನೆ ಕೊಡುವ ಪದ್ಧತಿ. ಒಂದು ದಿನ ಕಾಲ್ಪನಿಕ ಸಂಖ್ಯೆಯೊಬ್ಬಳು ಜಾಗ ಕೇಳಿಕೊಂಡು ಬಂದಳು. ವಿಚಾರಣೆಗೆ ಕೂತವನು ಮೈನಸ್ ಒಂದು. ಅವನನ್ನೂ ಆ ಬೀದಿ ಬಹುಕಾಲ ಸುಳ್ಳು ಸಂಖ್ಯೆಯೆಂದು ಹೊರಗಿಟ್ಟಿತ್ತು. ಹಾಗಾಗಿ ನಿಯಮಗಳೆಲ್ಲ ಅವನಿಗೆ ಬಾಯಿಪಾಠ.

"ಸೊನ್ನೆಗಿಂತ ದೊಡ್ಡವಳೋ, ಚಿಕ್ಕವಳೋ?"

"ಎರಡೂ ಅಲ್ಲ, ಸ್ವಾಮಿ."

"ಹಾಗಾದರೆ ಸಮವೋ?"

"ಅದೂ ಅಲ್ಲ."

"ಅಂದಮೇಲೆ ನೀನು ಇಲ್ಲವೇ ಇಲ್ಲ, ತಾಯಿ. ಇಲ್ಲದವಳಿಗೆ ಮನೆ ಯಾಕೆ?"

"ಇಲ್ಲದವಳ ಹತ್ತಿರ ಇಷ್ಟು ಹೊತ್ತು ಮಾತಾಡಿದಿರಲ್ಲ, ದೊಡ್ಡ ಮನಸ್ಸು ನಿಮ್ಮದು."

ಅವಳು ಊರು ಬಿಟ್ಟು ಹೋಗಲಿಲ್ಲ. ಸೊನ್ನೆಯ ಬಾಗಿಲಲ್ಲಿ ನಿಂತಳು; ಬೀದಿಯ ಎಡಕ್ಕೂ ಬಲಕ್ಕೂ ತಿರುಗದೆ, ಎದುರಿನ ಬಯಲಿಗೆ ಒಂದು ಹೆಜ್ಜೆ ಇಟ್ಟು ಅಲ್ಲೇ ಮನೆ ಕಟ್ಟಿದಳು.

"ಅಲ್ಲಿ ಬೀದಿಯೇ ಇಲ್ಲವಲ್ಲ" ಎಂದು ನಕ್ಕ ಮೈನಸ್ ಒಂದು.

"ಇವತ್ತಿನಿಂದ ಇದೆ" ಎಂದಳು ಅವಳು.

ಎರಡು ಹೆಜ್ಜೆಗೆ, ಮೂರು ಹೆಜ್ಜೆಗೆ ಅವಳ ಬಳಗ ಬಂದು ನೆಲೆಸಿತು. ಎರಡು ಬೀದಿಗಳ ನಡುವಿನ ಬಯಲೆಲ್ಲ ಮನೆಗಳಾದವು. ಆಗ ಅಂಚೆಯವನು, ಎಲ್ಲರೂ ವಿಳಾಸದಲ್ಲಿ ಎರಡೂ ಬೀದಿಗಳ ಅಳತೆ ಬರೆಯತಕ್ಕದ್ದು ಎಂದ. ಮೈನಸ್ ಒಂದು ತನ್ನ ಹಳೆಯ ಮನೆಯ ಫಲಕದ ಕೆಳಗೆ ಇನ್ನೊಂದು ಸಾಲು ಬರೆಸಿದ: "ಹೊಸ ಬೀದಿಯಲ್ಲಿ: ಏನೂ ಇಲ್ಲ."