ಭುಜಂಗ ಪಂಡಿತನಿಗೆ ಬಿಚ್ಚದ ಓಲೆಕಟ್ಟು

ಗಲಾಟೆ ಸಾಕು, ಹತ್ತಿರ ಬಂದು ಕೂತ್ಕೊಳ್ಳಿ, ಹೇಳ್ತೀನಿ. ತುಂಬೆಪುರ ಅಂತ ಒಂದು ರಾಜ್ಯ. ಆ ರಾಜ್ಯದಲ್ಲೊಂದು ಗ್ರಂಥ ಭಂಡಾರ. ಅದರ ತುಂಬ ತಾಳೆಗರಿಯ ಓಲೆಕಟ್ಟುಗಳು. ಅವೇನು ಸಾಮಾನ್ಯ ಕಟ್ಟುಗಳಲ್ಲ. ಎಷ್ಟು ಎಳೆದರೂ ದಾರದ ಗಂಟು ಬಿಚ್ಚುತ್ತಿರಲಿಲ್ಲ. ಕತ್ತರಿ ಹಾಕಿದರೆ ಕತ್ತರಿಯೇ ಮೊಂಡಾಗುತ್ತಿತ್ತು. ಕಟ್ಟಿಗೆ ಮನಸ್ಸಾದರೆ ಮಾತ್ರ ಗಂಟು ತಾನಾಗಿ ಸಡಿಲವಾಗುತ್ತಿತ್ತು.

ಭಂಡಾರದ ಒಡತಿ ಹೊನ್ನಬ್ಬೆ. ದೊಡ್ಡ ವಿದ್ವಾಂಸೆ. ನಾಳೆ ಜನಕ್ಕೆ ಏನು ಬೇಕಾದೀತು ಅಂತ ಇವತ್ತೇ ಯೋಚಿಸುವವಳು. ಯಾರೇ ಬಂದು ಕಷ್ಟ ಹೇಳಿಕೊಳ್ಳಲಿ, ಅದಕ್ಕೆ ತಕ್ಕ ಕಟ್ಟನ್ನು ಕಣ್ಣಿಗೊತ್ತಿಕೊಂಡು ತುಟಿಯಲ್ಲೇ ಏನೋ ಅನ್ನುತ್ತಿದ್ದಳು. ಗಂಟು ಬಿಚ್ಚಿಕೊಳ್ಳುತ್ತಿತ್ತು. ಓದಿ ಪರಿಹಾರ ಹೇಳಿ ಕಳಿಸುತ್ತಿದ್ದಳು.

ಅದೇ ಊರಿನಲ್ಲಿ ಭುಜಂಗ ಪಂಡಿತ ಅಂತ ಆಸ್ಥಾನ ಪಂಡಿತ ಇದ್ದ. ಓದಿಗೇನೂ ಕಡಿಮೆ ಇರಲಿಲ್ಲ. ಇದ್ದ ರೋಗ ಒಂದೇ, ಹೊನ್ನಬ್ಬೆಯನ್ನು ಕಂಡರೆ ಹೊಟ್ಟೆಕಿಚ್ಚು. ಅವಳು ಬಂದರೆ ರಾಜ ಎದ್ದು ನಿಲ್ಲುತ್ತಾನೆ, ನಾನು ಬಂದರೆ ಬರೀ ತಲೆಯಾಡಿಸುತ್ತಾನೆ ಅಂತ ಉರಿ. ಅವಳ ಮನೆಗೆ ಯಾರೋ ಹಲಸಿನ ಹಣ್ಣು ಕೊಟ್ಟರೆ ಅದರಲ್ಲಿ ತೊಳೆ ಎಷ್ಟಿತ್ತು ಅನ್ನುವ ಲೆಕ್ಕವೂ ಇವನಿಗೆ ಬೇಕು. ಅವಳು ದೂರದೇಶದಿಂದ ಆನೆ ವೈದ್ಯದ ಗ್ರಂಥ ತರಿಸಿದಾಗ ರಾಜ್ಯದಲ್ಲಿ ಒಂದೇ ಒಂದು ಆನೆ ಇರಲಿಲ್ಲ. "ಆನೆಯೇ ಇಲ್ಲದ ಊರಿಗೆ ಆನೆ ವೈದ್ಯವಂತೆ!" ಅಂತ ಪಂಡಿತ ಬೀದಿಬೀದಿಯಲ್ಲಿ ನಕ್ಕ. ಮುಂದಿನ ವರ್ಷ ನೆರೆಯ ರಾಜ ಒಂದು ಮರಿಯಾನೆಯನ್ನು ಉಡುಗೊರೆಯಾಗಿ ಕಳಿಸಿದ. ಪಂಡಿತನಿಗೆ ಆವತ್ತು ಅನ್ನ ಸೇರಲಿಲ್ಲ.

ಸುಮ್ಮನಿರಲಾರದೆ ರಾಜನ ಹತ್ತಿರ ಹೋದ.

"ಮಹಾಪ್ರಭು, ಆ ಹೆಂಗಸು ಮಾಟ ಮಾಡ್ತಾಳೆ."

ರಾಜ ನಕ್ಕು ಕಳಿಸಿದ. ಪಂಡಿತ ಮತ್ತೆ ಹೋದ.

"ಮಹಾಪ್ರಭು, ಕಂಡಕಂಡವರನ್ನೆಲ್ಲ ಭಂಡಾರದೊಳಗೆ ಬಿಟ್ಕೊಳ್ತಾಳೆ."

ರಾಜ ಆಕಳಿಸಿದ. ಮೂರನೇ ಸಲ ಪಂಡಿತ ಸ್ವಲ್ಪ ತಲೆ ಓಡಿಸಿದ.

"ಮಹಾಪ್ರಭು, ಗಂಟು ಬಿಚ್ಚುವ ಮಂತ್ರ ಅವಳೊಬ್ಬಳಿಗೇ ಗೊತ್ತು. ನಾಳೆ ಅವಳಿಗೇನಾದ್ರೂ ಆದ್ರೆ ಭಂಡಾರದ ಗತಿ?"

ಹೌದಲ್ಲ ಅನ್ನಿಸಿತು ರಾಜನಿಗೆ. ಹೊನ್ನಬ್ಬೆಯನ್ನು ಕರೆಸಿ ಕೇಳಿದ.

"ಅಯ್ಯೋ, ಅದರಲ್ಲೇನು ಗುಟ್ಟು?" ಅಂದಳು ಹೊನ್ನಬ್ಬೆ. "'ನನಗೆ ಗೊತ್ತಿಲ್ಲ ತಾಯಿ, ಹೇಳಿಕೊಡು' ಅಂತ ಕೇಳ್ತೀನಿ. ಮನಸಾರೆ ಕೇಳಬೇಕು, ಅಷ್ಟೇ. ಬಿಚ್ಕೊಳ್ಳುತ್ತೆ."

ಸಭೆ ಗೊಳ್ಳೆಂದು ನಕ್ಕಿತು. ಪಂಡಿತನ ಮೈಯೆಲ್ಲ ಉರಿದುಹೋಯಿತು. ನಿಜವಾದ ಮಂತ್ರ ಬಚ್ಚಿಟ್ಟುಕೊಂಡು ನನ್ನ ಕಿವಿಗೆ ಹೂವಿಡುತ್ತಿದ್ದಾಳೆ ಅಂದುಕೊಂಡ. "ನೋಡಿದ್ರಾ ಪ್ರಭು! ನಿಮ್ಮೆದುರಿಗೇ ತಮಾಷೆ! ಗೊತ್ತಿಲ್ಲ ಅನ್ನೋರಿಗೆ ಭಂಡಾರ ಯಾಕೆ? ಎಲ್ಲ ಗೊತ್ತಿರೋ ನನಗೆ ಕೊಡಿ."

ರಾಜನಿಗೂ ಅವಮಾನವಾದಂತಾಯಿತು. ಕೋಪದಲ್ಲಿ ಬೀಗದ ಕೈಯನ್ನು ಪಂಡಿತನಿಗೆ ಕೊಡಿಸಿಬಿಟ್ಟ. ಹೊನ್ನಬ್ಬೆ ಮನೆಗೆ ಹೋದಳು. ಪಂಡಿತ ಅವಳ ಪೀಠದ ಮೇಲೆ ಕೂತ. ಆಹಾ, ಎಷ್ಟು ವರ್ಷದ ಆಸೆ! ಬಾಗಿಲು ಹಾಕಿಕೊಂಡು ತನಗೆ ಬಂದ ಮಂತ್ರವನ್ನೆಲ್ಲ ಹೇಳಿದ. ಒಂದು ಗಂಟೂ ಅಲ್ಲಾಡಲಿಲ್ಲ. ಬಂದವರಿಗೆಲ್ಲ ಇವತ್ತು ಮುಹೂರ್ತ ಸರಿಯಿಲ್ಲ ಅಂತ ಹೇಳಿ ಕಳಿಸತೊಡಗಿದ.

ಹೀಗಿರುವಾಗ ಅರಮನೆಯ ಮರಿಯಾನೆ ಯಾವುದೋ ನಂಜಿನ ಕಾಯಿ ತಿಂದು ನೆಲಕ್ಕೊರಗಿತು. ಅದನ್ನು ಮಗುವಿನ ಹಾಗೆ ಸಾಕಿದ್ದ ರಾಜ ಪಕ್ಕದಲ್ಲೇ ಕೂತು ಕಣ್ಣೀರು ಹಾಕಿದ. ಆನೆ ವೈದ್ಯ ಬಲ್ಲವರು ಆ ರಾಜ್ಯದಲ್ಲಿ ಒಬ್ಬರೂ ಇಲ್ಲ. ಇದ್ದದ್ದು ಆ ಗ್ರಂಥವೊಂದೇ, ಹೊನ್ನಬ್ಬೆಯೂ ಅದನ್ನಿನ್ನೂ ಬಿಚ್ಚಿ ಓದಿರಲಿಲ್ಲ. ಪಂಡಿತನಿಗೆ ಕರೆ ಹೋಯಿತು. ಕಟ್ಟು ಹಿಡಿದು ಬಂದ. ಊರೆಲ್ಲ ಸೇರಿತ್ತು. ಹೊನ್ನಬ್ಬೆಯೂ ಬಂದಿದ್ದಳು.

ಪಂಡಿತ ಗಂಟನ್ನು ಎಳೆದ, ಜಗ್ಗಿದ, ಹಲ್ಲಿನಿಂದಲೂ ಕಚ್ಚಿದ. ಊಹೂಂ.

"ಪಂಡಿತರೇ, ಗಂಟು ಜಗ್ಗಿದವರೇ ಕೇಳಬೇಕು, ಇನ್ನು ನಾನು ಕೇಳಿದ್ರೆ ಬಿಚ್ಕೊಳ್ಳಲ್ಲ. ಆ ಮಾತು ಹೇಳಿ. ಮೂಕಪ್ರಾಣಿ ಸಾಯ್ತಿದೆ," ಅಂದಳು ಹೊನ್ನಬ್ಬೆ.

ಈ ಜನದ ಮುಂದೆ, ಇವಳೆದುರಿಗೆ, ನಾನು ಗೊತ್ತಿಲ್ಲ ಅನ್ನುವುದೇ? ಪಂಡಿತ ಮುಖ ತಿರುಗಿಸಿದ. ಆಗ ಹೊನ್ನಬ್ಬೆ ರಾಜನ ಬಳಿ ಬಗ್ಗಿ ಮೆಲ್ಲಗೆ ಅಂದಳು: "ಪ್ರಭು, ಗಂಟು ಯಾಕೆ ಬಿಚ್ತಿಲ್ಲ ಅಂತ ಅವರನ್ನೇ ಕೇಳಿ. ಉತ್ತರ ಬರೋವರೆಗೂ ಬಿಡಬೇಡಿ."

"ಯಾಕೆ ಬಿಚ್ತಿಲ್ಲ ಪಂಡಿತರೇ?"

"ದಾರಕ್ಕೆ ತೇವ ಹಿಡಿದಿದೆ ಪ್ರಭು."

ಬಿಸಿಲಿಗೆ ಹಿಡಿದರು. ಬಿಚ್ಚಲಿಲ್ಲ.

"ಯಾಕೆ ಬಿಚ್ತಿಲ್ಲ?"

"ಗಂಟಿಗೆ ಜಿಡ್ಡು ಹಿಡಿದಿದೆ ಪ್ರಭು."

ಸೀಗೆಪುಡಿ ಹಾಕಿ ಉಜ್ಜಿದರು. ಬಿಚ್ಚಲಿಲ್ಲ. ಆನೆ ಸೊಂಡಿಲನ್ನು ಮಣ್ಣಿನ ಮೇಲೆ ಚಾಚಿ ಒಮ್ಮೆ ನರಳಿತು. ಅದರ ಒದ್ದೆ ಕಣ್ಣು ಪಂಡಿತನನ್ನೇ ನೋಡುತ್ತಿತ್ತು.

"ಯಾಕ್ರೀ ಬಿಚ್ತಿಲ್ಲ?" ರಾಜ ಕೂಗಿದ.

"ನನಗೆ ಗೊತ್ತಿಲ್ಲ!" ಅಂತ ಪಂಡಿತ ಕುಸಿದು ಕೂತ. "ಗೊತ್ತಿಲ್ಲ ಪ್ರಭು, ನನಗೇನೂ ಗೊತ್ತಿಲ್ಲ!"

ಸರಕ್ಕನೆ ದಾರ ಜಾರಿತು. ಗರಿಗಳು ಅವನ ತೊಡೆಯ ಮೇಲೆ ಹರಡಿಕೊಂಡವು.

ಊರಿಗೆ ಊರೇ ಕತ್ತು ಚಾಚಿ ನೋಡಿತು. ಆಮೇಲೆ ನಕ್ಕಿತು ಅನ್ನಿ, ಆ ಮಾತು ಬೇರೆ. ಪಂಡಿತ ಗರಿಗಳನ್ನು ಜೋಡಿಸಿಕೊಂಡು ಓದಿದ. ಅದರಲ್ಲಿದ್ದ ಹಾಗೆ ಹೊನ್ನಬ್ಬೆ ಹುಣಸೆ ಬೆಲ್ಲ ಕದಡಿ ಆನೆಗೆ ಗುಡಾಣಗಟ್ಟಲೆ ಕುಡಿಸಿದಳು. ಸಂಜೆಯ ಹೊತ್ತಿಗೆ ಆನೆ ಎದ್ದು ನಿಂತಿತು.

ರಾಜ ಹೊನ್ನಬ್ಬೆಯ ಕೈಗೆ ಬೀಗದ ಕೈ ಕೊಟ್ಟು, "ತಪ್ಪಾಯ್ತು ತಾಯಿ. ಇವನಿಗೇನು ಶಿಕ್ಷೆ ಕೊಡಲಿ?" ಅಂದ.

"ಶಿಕ್ಷೆ ಬೇಡ ಪ್ರಭು. ನನ್ನ ಜೊತೆ ಭಂಡಾರದಲ್ಲಿ ಕೂತು ಬಂದವರಿಗೆಲ್ಲ ಓದಿ ಹೇಳಲಿ."

ಅದಕ್ಕಿಂತ ದೊಡ್ಡ ಶಿಕ್ಷೆ ಇನ್ನೇನಿದೆ ಹೇಳಿ! ದಿನವೂ ಜನರೆದುರಿಗೆ ಗೊತ್ತಿಲ್ಲ ತಾಯಿ ಅನ್ನಬೇಕು. ಮೊದಮೊದಲು ಯಾರಿಗೂ ಕೇಳಿಸದ ಹಾಗೆ ಪಿಸುಗುಟ್ಟುತ್ತಿದ್ದ, ಬರಬರುತ್ತಾ ಸಲೀಸಾಯಿತು. ಹೊಟ್ಟೆಕಿಚ್ಚು ಮಾತ್ರ ಪೂರಾ ಹೋಗಲಿಲ್ಲವಂತೆ. ರಾಜ ಹೊನ್ನಬ್ಬೆಗೆ ಎದ್ದು ನಿಂತಾಗಲೆಲ್ಲ ಪಂಡಿತ ನೆಲ ನೋಡುತ್ತಿದ್ದನಂತೆ.

ಅದಕ್ಕೇ ಮಕ್ಕಳೇ, ಗೊತ್ತಿಲ್ಲದ್ದನ್ನು ಗೊತ್ತಿಲ್ಲ ಅನ್ನೋದಕ್ಕೆ ನಾಚಬೇಡಿ. ಗೊತ್ತಿರೋರನ್ನು ಕಂಡು ಉರ್ಕೋಬೇಡಿ. ಹೊಟ್ಟೆಕಿಚ್ಚಿನವನಿಗೆ ಎದುರಿಗೆ ನಿಂತು ನಿಜ ಹೇಳಿದರೂ ಅದು ಸುಳ್ಳಾಗಿಯೇ ಕೇಳಿಸುತ್ತೆ.