ಪಡದಯ್ಯನ ಇಪ್ಪತ್ತು ವರಹ

ಲೆಕ್ಕದಲ್ಲಿ ಪಡದಯ್ಯನನ್ನು ಮೀರಿಸುವವರು ಆ ಹೊಳೆಯ ಎರಡೂ ದಂಡೆಗಳಲ್ಲಿ ಇರಲಿಲ್ಲ. ಬೇರೆಯವರು ಹೇಳುವ ಮೊದಲೇ ಈ ಮಾತನ್ನು ಪಡದಯ್ಯನೇ ಹೇಳಿಬಿಡುತ್ತಿದ್ದ.

ಏಳನೆಯ ವಯಸ್ಸಿಗೆ ಅಡವಯ್ಯಜ್ಜನ ಆಶ್ರಮಕ್ಕೆ ಬಂದವನು. ಈಗ ಇಪ್ಪತ್ತೆರಡು. ಮೈಮೇಲೆ ಕಾವಿ, ಹಣೆಯ ಮೇಲೆ ವಿಭೂತಿ. ಜನ ಅವನನ್ನು ಮರಿದೇವರು ಎಂದು ಕರೆಯುತ್ತಿದ್ದರು. ಅಜ್ಜನ ನಂತರ ಪೀಠಕ್ಕೆ ಅವನೇ ಎಂಬುದು ಎಲ್ಲರಿಗೂ ಗೊತ್ತಿತ್ತು, ಅವನಿಗಂತೂ ಚೆನ್ನಾಗಿಯೇ ಗೊತ್ತಿತ್ತು.

ಒಮ್ಮೆ ಒಬ್ಬ ಸಾಹುಕಾರ, ಹೊಳೆಗೆ ಮೆಟ್ಟಿಲು ಕಟ್ಟಿಸಿರಿ ಎಂದು ಆಶ್ರಮಕ್ಕೆ ನೂರು ವರಹ ಕೊಟ್ಟು ಹೋದ. ಮೆಟ್ಟಿಲಿಗೆ ನೂರೈವತ್ತು ಬೇಕಿತ್ತು. ಹೀಗಾಗಿ ನೂರು ವರಹ ಪೆಟ್ಟಿಗೆಯಲ್ಲಿ ಸುಮ್ಮನೆ ಕುಳಿತಿತ್ತು. ಅದು ಹಾಗೆ ಕುಳಿತಿರುವುದನ್ನು ನೋಡಲು ಪಡದಯ್ಯನಿಂದ ಆಗಲಿಲ್ಲ.

“ಅಜ್ಜಾರ, ಅದನ್ನ ನನ್ನ ಕೈಯಾಗ ಕೊಡ್ರಿ. ಈ ದಂಡಿಯೊಳಗ ಅರಿಸಿನ ಸಸ್ತಾ, ಆ ದಂಡಿ ಪ್ಯಾಟಿಯೊಳಗ ತುಟ್ಟಿ. ಇಲ್ಲಿ ಕೊಂಡು ಅಲ್ಲಿ ಮಾರಿದರ ಆತು.”

“ಅಷ್ಟ ಏನು?” ಎಂದ ಅಜ್ಜ.

“ಅಷ್ಟ ರೀ.”

“ಹಂಗಾದರ ಎಲ್ಲಾರೂ ಯಾಕ ಸಾಹುಕಾರ ಆಗಿಲ್ಲ?”

“ಅವರಿಗೆ ಲೆಕ್ಕ ಬರೂದಿಲ್ರಿ.”

ಅಜ್ಜ ನಕ್ಕ. ಪೆಟ್ಟಿಗೆಯ ಕೀಲಿಕೈ ಕೊಟ್ಟ. “ಹೋಗಿ ಬಾ. ನನಗೂ ನೋಡಬೇಕಾಗೇತಿ,” ಎಂದ.

ಐದನೆಯ ದಿನ ಪಡದಯ್ಯ ಮರಳಿ ಬಂದ. ಅಜ್ಜನ ಮುಂದೆ ಚೀಲ ಬಿಚ್ಚಿ ಸುರಿದ.

“ನೂರಕ್ಕ ಮೂವತ್ತು ಗೋಣಿ ಅರಿಸಿನ ಕೊಂಡೆ. ನೂರಾ ಇಪ್ಪತ್ತಕ್ಕ ಮಾರಿದೆ. ಇಪ್ಪತ್ತು ವರಹ ಲಾಭ ರೀ.”

“ಖರ್ಚು?”

“ಖರ್ಚೇನೂ ಆಗಲಿಲ್ಲ.”

“ಏನೂ ಇಲ್ಲ?”

“ಒಂದು ಹಣಾನೂ ಇಲ್ರಿ.” ವರಹಕ್ಕೆ ಹತ್ತು ಹಣವಿದ್ದ ಕಾಲ ಅದು.

ಅಜ್ಜ ಹುಬ್ಬೇರಿಸಿದ.

ಬಾಗಿಲ ಬಳಿ ನಿಂತು ಇದನ್ನೆಲ್ಲ ಕೇಳಿಸಿಕೊಂಡವಳು ಹಂಪವ್ವ. ಆಶ್ರಮದ ಅಡುಗೆಮನೆ ಅವಳದು. ಗಂಡ ತೀರಿಹೋಗಿ ಹದಿನಾರು ವರ್ಷ. ಅಷ್ಟೂ ವರ್ಷ ಆ ಒಲೆಯ ಮುಂದೆ ಕುಳಿತು ಐವತ್ತು ವರಹ ಕೂಡಿಟ್ಟಿದ್ದಳು. ಮಗಳ ಊರಿನಲ್ಲಿ ಒಂದು ಸಣ್ಣ ಮನೆ ಮಾಡಿಕೊಂಡು, ಇನ್ನಾದರೂ ಹೊಗೆ ಕುಡಿಯದೆ ಇರಬೇಕೆಂಬುದು ಅವಳ ಆಸೆ. ಮನೆಗೆ ನೂರಾ ನಲವತ್ತು ಆಗುತ್ತಿತ್ತು.

“ಮರಿದೇವ್ರ, ನನ್ನ ಐವತ್ತನ್ನೂ ಹಿಂಗ ಬೆಳಸಾಕ ಬರ್ತೈತೇನ್ರಿ?” ಎಂದು ಕೇಳಿದಳು. “ಅಳಿಯ ಅದಾನ. ಅವನ ಕೈಯಾಗ ಕೊಟ್ಟು ಕಳಸ್ತೀನಿ.”

“ಬರದೆ ಏನವ್ವಾ? ವರ್ಷಕ್ಕ ಆರು ಸಲ ಹೋಗಿ ಬರಲಿ. ಪ್ರತಿ ಸಲ ನೂರಕ್ಕ ಇಪ್ಪತ್ತು. ಬಂದ ಲಾಭಾನೂ ಅಸಲಿಗೆ ಹಾಕಬೇಕು.” ಪಡದಯ್ಯ ಕಣ್ಣು ಮುಚ್ಚಿ ಬೆರಳು ಮಡಿಸಿದ. “ನೂರಾ ನಲವತ್ತೊಂಬತ್ತು ವರಹ, ಮ್ಯಾಲ ಮೂರು ಹಣ.”

ಹಂಪವ್ವ ಸೆರಗಿನಿಂದ ಕಣ್ಣೊರೆಸಿಕೊಂಡಳು. ಹೊಗೆಯಿಂದ ಅಲ್ಲ.

ಲೆಕ್ಕ ಸರಿಯಾಗಿಯೇ ಇತ್ತು. ಬೇಕಿದ್ದರೆ ನೀವೂ ಕೂತು ಮಾಡಿ ನೋಡಬಹುದು.

“ಅಳಿಯ ಎಂದು ಬರ್ತಾನ ಹಂಪವ್ವಾ?” ಅಜ್ಜ ಕೇಳಿದ.

“ಸೋಮವಾರ ಬರ್ತೀನಂತ ಹೇಳಿ ಕಳಿಸ್ಯಾನ್ರಿ ಅಜ್ಜಾರ.”

“ಸೋಮವಾರದ ತನಕ ಗಂಟು ಬಿಚ್ಚಬ್ಯಾಡ. ಅಷ್ಟರೊಳಗ ಪಡದಯ್ಯ ಇನ್ನೊಂದು ಸಲ ಹೋಗಿ ಬರಲಿ.”

“ಯಾಕ್ರಿ?” ಎಂದ ಪಡದಯ್ಯ. “ಒಂದ ಲೆಕ್ಕ ಎರಡು ಸಲ ಯಾಕ ಮಾಡಬೇಕು?”

“ನನಗೊಂದು ಸಂಶಯ ಐತಿ. ಅದು ಏನಂತ ನನಗೂ ತಿಳಿವಲ್ದು. ನೀನ ನೋಡಿ ಹೇಳು.”

ಮರುದಿನ ಬೆಳಿಗ್ಗೆ ಪಡದಯ್ಯ ಹೊಳೆಯಲ್ಲಿ ಮಿಂದು ಬಂದು ನೋಡುತ್ತಾನೆ, ಅವನ ಕಾವಿ ಬಟ್ಟೆಗಳೆಲ್ಲ ಅಂಗಳದ ಹಗ್ಗದ ಮೇಲೆ ನೀರು ಸುರಿಸುತ್ತ ತೂಗುತ್ತಿವೆ. ಒಂದೂ ಉಳಿದಿಲ್ಲ. ಎಪ್ಪತ್ತು ದಾಟಿದ ಅಜ್ಜ ಕಚ್ಚೆ ಬಿಗಿದು ನಿಂತು ಕೊನೆಯದನ್ನು ಹಿಂಡುತ್ತಿದ್ದ.

“ಅಜ್ಜಾರ! ನೀವ್ಯಾಕ ಒಗೆಯಾಕ ಹೋದ್ರಿ?”

“ಮಾಸಿದ್ವು.”

“ನಾ ಈಗ ಏನು ಉಟ್ಟುಕೊಂಡು ಹೋಗ್ಲಿ?”

“ಹಂಪವ್ವನ ಕೇಳು.”

ಹಂಪವ್ವ ಅಳಿಯ ಬಿಟ್ಟುಹೋಗಿದ್ದ ಒಂದು ಬಿಳಿ ಧೋತರ, ಒಂದು ಅಂಗಿ, ಒಂದು ಹಳೆಯ ರುಮಾಲು ಕೊಟ್ಟಳು. ರುಮಾಲು ಸುತ್ತಿದರೆ ಹಣೆ ಮುಚ್ಚಿಹೋಯಿತು. ವಿಭೂತಿ ಕಾಣಲಿಲ್ಲ. ಕೊಡದಲ್ಲಿ ಇಣುಕಿ ತನ್ನ ಮುಖ ನೋಡಿಕೊಂಡ ಪಡದಯ್ಯನಿಗೆ ನಗು ಬಂತು.

“ಹೊಸಾ ಲಾಭದ ಇಪ್ಪತ್ತನ್ನೂ ಸೊಂಟಕ್ಕ ಕಟ್ಟಿಕೋ,” ಎಂದ ಅಜ್ಜ. “ಆದರ ಅರಿಸಿನ ನೂರಕ್ಕಷ್ಟ ಕೊಳ್ಳು.”

ಅರಿಸಿನದ ಕಣದಲ್ಲಿ ಪಡದಯ್ಯ ನೂರು ವರಹ ಎಣಿಸಿ ಕೊಟ್ಟ. ಅಲ್ಲಿಯ ದಲ್ಲಾಳಿ ಕೈ ಚಾಚಿಯೇ ಇದ್ದ.

“ಏನು?” ಎಂದ ಪಡದಯ್ಯ.

“ಏನು ಅಂದ್ರ? ನೂರಕ್ಕ ಒಂದು. ನನ್ನ ದಲಾಲಿ.”

ಹಿಂದಿನ ಸಲ ಇದೇ ಮನುಷ್ಯ ಎರಡೂ ಕೈ ಜೋಡಿಸಿ, ಒಳ್ಳೆಯ ಅರಿಸಿನದ ಕೊಂಬನ್ನೇ ಆರಿಸಿ ತುಂಬಿಸಿದ್ದ. ಪಡದಯ್ಯನಿಗೆ ಸೋಜಿಗವಾಯಿತು. ಸೊಂಟದ ಚೀಲ ಬಿಚ್ಚಿ ಒಂದು ವರಹ ಕೊಟ್ಟ. ಗೋಣಿ ಹೊತ್ತ ಹಮಾಲರಿಗೆ ಇನ್ನೊಂದು.

ಹೊಳೆಯ ದಂಡೆಯಲ್ಲಿ ಅಂಬಿಗ ತಲೆಯೆತ್ತಿಯೂ ನೋಡಲಿಲ್ಲ. ಹಿಂದಿನ ಸಲವೂ ಅವನು ಮುಖ ನೋಡಿರಲಿಲ್ಲ, ಕಾಲು ಮುಟ್ಟಿ ಕಣ್ಣಿಗೊತ್ತಿಕೊಂಡಿದ್ದ.

“ಗೋಣಿಗೆ ಒಂದು ಹಣ. ಮೂವತ್ತು ಗೋಣಿ. ಮೂರು ವರಹ ತೆಗಿ.”

“ದೋಣಿಗೆ ರೊಕ್ಕಾ ಕೊಡಬೇಕೇನು?”

ಅಂಬಿಗ ಈಗ ತಲೆಯೆತ್ತಿದ. “ಯಾವ ಊರಾವಪ್ಪ ನೀನು? ಈಸಿಕೋತ ಹೋಗ್ತಿಯೇನು?”

ದೋಣಿಯಲ್ಲಿದ್ದವರೆಲ್ಲ ನಕ್ಕರು. ಪಡದಯ್ಯನಿಗೆ ಅವಮಾನವಾಗಬೇಕಿತ್ತು, ಆದರೆ ಅವನು ಬೇರೆಯೇ ಯೋಚನೆಯಲ್ಲಿದ್ದ. ಹದಿನೈದು ವರ್ಷದಲ್ಲಿ ಈ ಹೊಳೆಯನ್ನು ಎಷ್ಟು ಸಲ ದಾಟಿದ್ದೇನೆ? ಒಂದು ಸಲವಾದರೂ ದುಡ್ಡು ಕೊಟ್ಟಿದ್ದೇನೆಯೇ? ಈ ದೋಣಿಗೆ ದುಡ್ಡು ಎಂಬುದೊಂದಿದೆ ಎಂದು ಅವನಿಗೆ ಇವತ್ತೇ ಗೊತ್ತಾದದ್ದು.

ಆ ದಂಡೆಯಲ್ಲಿ ಎರಡು ಗಾಡಿಗೆ ನಾಲ್ಕು ವರಹ ಹೋಯಿತು. ಸುಂಕದ ಕಟ್ಟೆಯಲ್ಲಿ ಮಾಲಿನ ಬೆಲೆಯ ನೂರಕ್ಕೆ ಐದು. ಹಿಂದಿನ ಸಲ ಆ ಸುಂಕದವನು ಎದ್ದು ನಿಂತು, ಒಳಗಿನಿಂದ ಹಾಲು ತರಿಸಿ ಕುಡಿಸಿದ್ದ. ಈ ಸಲ ಗೋಣಿಗೆ ಕಬ್ಬಿಣದ ಸಲಾಕೆ ಚುಚ್ಚಿ, ಒಳಗೆ ಬೇರೇನಾದರೂ ಅಡಗಿಸಿದ್ದೀಯಾ ಎಂದು ಕೇಳಿದ.

ಪೇಟೆಯಲ್ಲಿ ತೂಕದವನಿಗೆ ಒಂದು. ಮಾರಿಸಿಕೊಟ್ಟ ದಲ್ಲಾಳಿಗೆ ಒಂದು.

“ಕೊಳ್ಳೋವಾಗ ಕೊಟ್ಟೇನಲ್ಲ?” ಎಂದ ಪಡದಯ್ಯ.

“ಅದು ಕೊಳ್ಳೋವಾಗಿಂದು. ಇದು ಮಾರೋವಾಗಿಂದು.”

ಅರಿಸಿನ ಮತ್ತೆ ನೂರಾ ಇಪ್ಪತ್ತಕ್ಕೇ ಹೋಯಿತು, ಆ ದುಡ್ಡು ದೊಡ್ಡ ಚೀಲಕ್ಕೆ ಸೇರಿತು. ಪೇಟೆಯ ಬಾಗಿಲಲ್ಲಿ ಅರಮನೆಯ ಲೆಕ್ಕದವನು ಕುಳಿತಿದ್ದ. ಅವನು ಎಲ್ಲ ಖರ್ಚನ್ನೂ ಸಮಾಧಾನದಿಂದ ಕೇಳಿ ಬರೆದುಕೊಂಡ. ಪಡದಯ್ಯನಿಗೆ ಅವನ ಮೇಲೆ ಪ್ರೀತಿಯೇ ಹುಟ್ಟಿತು.

“ಇಪ್ಪತ್ತರಾಗ ಹದಿನಾರು ಖರ್ಚು. ಉಳಿದದ್ದು ನಾಕು. ಲಾಭದಾಗ ಅರಮನಿ ಪಾಲು ಕಾಲು ಭಾಗ. ಒಂದು ವರಹ ಇಡಪ್ಪ.”

“ದಾರಿಯೊಳಗ ಉಂಡದ್ದು, ಛತ್ರದಾಗ ಮಲಗಿದ್ದು ಒಂದು ವರಹ ಆತು. ಅದನ್ನೂ ಕಳೀರಿ.”

“ನಿನ್ನ ಹೊಟ್ಟಿ ನಿಂದು. ಅದು ಅರಮನಿ ಲೆಕ್ಕಕ್ಕ ಬರೂದಿಲ್ಲ.”

ಹಿಂದಿನ ಸಲ ದಾರಿಯುದ್ದಕ್ಕೂ ಮನೆಮನೆಯಲ್ಲಿ ಪ್ರಸಾದಕ್ಕೆ ಕರೆದಿದ್ದರು. ಹೋಗದಿದ್ದರೆ ಬೇಜಾರು ಮಾಡಿಕೊಂಡಿದ್ದರು. ಪಡದಯ್ಯ ಒಂದು ವರಹ ಇಟ್ಟು ಹೊರಬಂದ. ಹೋಗುವಾಗ ಮಾಲಿಗೆ ದುಡ್ಡು ಕೊಟ್ಟವರಿಗೆ ಮರಳಿ ಬರುವಾಗ ದೋಣಿಯಲ್ಲಿ ಬೇರೆ ಕೇಳಲಿಲ್ಲ. ದೋಣಿಯ ತುದಿಯಲ್ಲಿ ಕುಳಿತು ಸೊಂಟದ ಚೀಲ ಬಿಚ್ಚಿ ನೋಡಿದ. ಹೋಗುವಾಗ ಇಪ್ಪತ್ತಿದ್ದದ್ದು ಈಗ ಎರಡು.

ಎರಡು ಸಲ ಎಣಿಸಿದ. ಎರಡನ್ನು ಎರಡು ಸಲ ಎಣಿಸುವ ಗತಿ ಅವನಿಗೆ ಹಿಂದೆಂದೂ ಬಂದಿರಲಿಲ್ಲ.

ಆಮೇಲೆ ಹಂಪವ್ವನ ನೆನಪಾಯಿತು. ನೂರಾ ನಲವತ್ತೊಂಬತ್ತು ವರಹ, ಮೂರು ಹಣ. ಅದನ್ನು ಹೇಳಿದ್ದು ತಾನೇ. ಈಗ ಹೋಗಿ ಬಾಯಿಬಿಡದೆ ದೊಡ್ಡ ಚೀಲವನ್ನಷ್ಟೇ ತೋರಿಸಿದರೆ? ಅದರಲ್ಲಿ ನೂರಾ ಇಪ್ಪತ್ತು ಇದ್ದೇ ಇದೆ. ಸುಳ್ಳೇನೂ ಅಲ್ಲ. ಲೆಕ್ಕದ ಮರಿದೇವರ ಮಾನವೂ ಉಳಿಯುತ್ತದೆ. ಹೊಳೆ ದಾಟುವಷ್ಟು ಹೊತ್ತೂ ಈ ಯೋಚನೆ ಅವನ ಜೊತೆಗಿತ್ತು.

ಆಶ್ರಮದ ಅಂಗಳದಲ್ಲಿ ಹಂಪವ್ವ ಕಾಯುತ್ತಿದ್ದಳು. ಮಡಿಲಲ್ಲಿ ಗಂಟು. ಅಳಿಯ ಆಗಲೇ ಬಂದು ಎತ್ತು ಬಿಚ್ಚುತ್ತಿದ್ದ. ಅಜ್ಜ ಕಟ್ಟೆಯ ಮೇಲೆ ಕುಳಿತಿದ್ದ.

“ಎಷ್ಟು ಬಂತ್ರಿ ಮರಿದೇವ್ರ? ಇಪ್ಪತ್ತ ಬಂತೇನು?”

ಪಡದಯ್ಯ ಅಜ್ಜನ ಕಡೆ ನೋಡಿದ. ಅಜ್ಜ ಆಕಾಶ ನೋಡುತ್ತಿದ್ದ.

“ಎರಡು,” ಎಂದ ಪಡದಯ್ಯ.

“ಏನಂದ್ರಿ?”

“ಎರಡು ವರಹ, ಹಂಪವ್ವಾ. ನಾ ಹೇಳಿದ್ದು ತಪ್ಪು. ವರ್ಷ ತಿರುಗೂದರೊಳಗ ನಿನ್ನ ಐವತ್ತು ವರಹ ಐವತ್ತಾರು ಆದರ ದೊಡ್ಡದು.”

ಒಂದೊಂದಾಗಿ ಎಲ್ಲ ಹೇಳಿದ. ದಲ್ಲಾಳಿ, ಹಮಾಲರು, ಅಂಬಿಗ, ಗಾಡಿ, ಸುಂಕ, ತೂಕ, ಅರಮನೆ, ಹೊಟ್ಟೆ. ಹಂಪವ್ವ ಗಂಟನ್ನು ಎದೆಗೆ ಒತ್ತಿಕೊಂಡು ಕೇಳಿದಳು.

“ಅಕಸ್ಮಾತ್ ಆ ಪ್ಯಾಟಿಯೊಳಗ ಬೆಲಿ ಇಳೀತು ಅಂದ್ರ?”

“ಇಳಿದರೂ ಅಂಬಿಗ ಬಿಡೂದಿಲ್ಲ, ಗಾಡಿಯವ ಬಿಡೂದಿಲ್ಲ, ಸುಂಕದವ ಬಿಡೂದಿಲ್ಲ. ಅರಮನಿ ಪಾಲು ಒಂದ ಇರೂದಿಲ್ಲ. ನೂರಾ ಇಪ್ಪತ್ತರ ಬದಲು ನೂರಾ ಹದಿನೈದಕ್ಕ ಹೋತು ಅಂದ್ರ ಅಸಲಿನಾಗಿಂದ ಎರಡು ಕೈಬಿಡ್ತಾವು.”

“ಶಿವನ! ಹದಿನಾರು ವರ್ಷದ ಹೊಗಿ, ಹೊಳಿಯಾಗ ಹಾಕ್ತಿದ್ದೆನಲ್ರೀ!” ಅವಳಿಗೆ ಸಿಟ್ಟೂ ಬಂತು, ಅಳುವೂ ಬಂತು. ಸ್ವಲ್ಪ ಹೊತ್ತು ಎರಡನ್ನೂ ಮಾಡಿದಳು. ಪಡದಯ್ಯ ತಲೆ ತಗ್ಗಿಸಿ ನಿಂತೇ ಇದ್ದ.

ಆಮೇಲೆ ಮೂಗೊರೆಸಿಕೊಂಡು ಕೇಳಿದಳು, “ಗಾಡಿಗೆ ಎಷ್ಟಂದ್ರಿ?”

“ನಾಕು.”

“ಅಳಿಯನ ಗಾಡಿ ಎರಡು ಅದಾವು. ಅವನ ಅಣ್ಣತಮ್ಮರ ಹಮಾಲಿ ಮಾಡ್ತಾರ. ಐದು ಉಳೀತಲ್ಲ?” ಬೆರಳು ಮಡಿಸಿದಳು. ಪಡದಯ್ಯ ಬಾಯಿ ತೆರೆದು ನೋಡಿದ. “ಐವತ್ತು ಕೊಡೂದಿಲ್ಲ. ಹತ್ತು ಕೊಡ್ತೀನಿ. ಹೋಗಿ ಬರಲಿ, ನೋಡೂಣು.”

ಗಂಟಿನಿಂದ ಹತ್ತು ಎಣಿಸಿ, ಉಳಿದದ್ದಕ್ಕೆ ಮೂರು ಗಂಟು ಹೆಚ್ಚಿಗೆ ಬಿಗಿದು ಒಳಗೆ ಹೋದಳು. ಅಳಿಯನೂ ಅವಳ ಹಿಂದೆ ಹೋದ.

ಪಡದಯ್ಯ ಕಟ್ಟೆಯ ಕೆಳಗೆ ಅಜ್ಜನ ಕಾಲ ಬಳಿ ಕುಳಿತ.

“ಅಜ್ಜಾರ, ಒಂದು ತಿಳೀವಲ್ದು.”

“ಕೇಳು.”

“ಅದ ಅರಿಸಿನ, ಅದ ಹೊಳಿ, ಅದ ಪ್ಯಾಟಿ, ಅದ ಬೆಲಿ. ಮೊದಲನೇ ಸಲ ಇಪ್ಪತ್ತು, ಎರಡನೇ ಸಲ ಎರಡು. ಯಾವ ಲೆಕ್ಕ ಖರೆ?”

“ಎರಡೂ ಖರೆ. ಎರಡನೇ ಸಲ ಲಾಭ ಎಷ್ಟು ತಂದಿ?”

“ಎರಡು.”

“ಮೊದಲನೇ ಸಲ?”

ಪಡದಯ್ಯ ಇಪ್ಪತ್ತು ಎನ್ನಲು ಬಾಯಿ ತೆರೆದವನು ಹಾಗೆಯೇ ನಿಲ್ಲಿಸಿದ.

“ಎರಡ ರೀ,” ಎಂದ ಮೆಲ್ಲಗೆ. “ಹಂಗಾದರ ಆ ಹದಿನೆಂಟು ಏನು?”

“ಭಿಕ್ಷಾ,” ಎಂದ ಅಜ್ಜ.

“ನಾ ಯಾರನ್ನೂ ಬೇಡಲಿಲ್ಲಲ್ರಿ!”

“ಬೇಡಿದ್ದರ ನಿನಗ ನೆನಪಿರತಿತ್ತು.”

ಪಡದಯ್ಯನಿಗೆ ಆ ಅಂಬಿಗ ಕಣ್ಣ ಮುಂದೆ ಬಂದ. ಹರಿದ ಅಂಗಿ, ಬಿರಿದ ಕೈ. ಅವನ ಮೂರು ವರಹವನ್ನು ತಾನು ಸಾಹುಕಾರನಂತೆ ಎಣಿಸಿ, ಲಾಭವೆಂದು ಕರೆದು, ಜಂಬದಿಂದ ಅಜ್ಜನ ಮುಂದೆ ಸುರಿದಿದ್ದ.

ದೊಡ್ಡ ಚೀಲ ಬಿಚ್ಚಿ ಹದಿನೆಂಟು ವರಹ ಬೇರೆ ಎಣಿಸಿದ. ಎದ್ದು ನಿಂತ.

“ಅಜ್ಜಾರ, ಈಗ ಹೋಗಿ ಎಲ್ಲಾರದೂ ತಿರುಗಿ ಕೊಟ್ಟು ಬರ್ತೀನಿ.”

“ಹೋಗಿ ಬಾ.”

ಪಡದಯ್ಯ ಹಗ್ಗದ ಮೇಲೆ ಒಣಗಿದ್ದ ಕಾವಿಗೆ ಕೈಹಾಕಿದ.

“ತಮ್ಮಾ, ಅದನ್ನ ಉಡಬ್ಯಾಡ,” ಎಂದ ಅಜ್ಜ. “ಅದನ್ನ ಉಟ್ಟು ಹೋದರ ಯಾರೂ ಇಸಕೊಳ್ಳೂದಿಲ್ಲ.”