ಯಜಮಾನರ ಹೊಟ್ಟೆಯ ಸೀಳು

ಬೆಳಕಿನ ಅಗಲ, ಅಂದರೆ ಅದರ ಬಣ್ಣದ ಹರವು, ಅಳೆಯುವ ಹಳೆಯ ಯಂತ್ರವೊಂದು ಪ್ರಯೋಗಾಲಯದ ಮೇಜಿನ ಮೇಲೆ ಯಜಮಾನನ ಹಾಗೆ ಕೂತಿತ್ತು. ಇಲ್ಲಿ ಪಾಸಾದ ಲೇಸರ್‌ಗಳ ಎಂಬತ್ತು ಬೆಳಕುಗಳು ಒಂದೇ ಗಾಜಿನ ಎಳೆಯಲ್ಲಿ ಸುದ್ದಿ ಹೊತ್ತು ಓಡಬೇಕು. ಅಗಲವಾದದ್ದು ಪಕ್ಕದವರ ಮೈಮೇಲೆ ಬೀಳುತ್ತದೆ. ಹಾಗಾಗಿ ಯಂತ್ರ ದಪ್ಪ ಅಂದವರಿಗೆಲ್ಲ ಗುಜರಿ ಡಬ್ಬವೇ ಗತಿ.

ಅವತ್ತು ಬಂದ ಪುಟ್ಟ ಲೇಸರ್‌ಗೆ ತನ್ನ ಬೆಳಕು ಕೂದಲೆಳೆಯಷ್ಟೇ ಎಂದು ಗೊತ್ತಿತ್ತು. ಧೈರ್ಯವಾಗಿ ಬೆಳಗಿತು.

“ಪಾಯಿಂಟ್ ಒನ್ ನ್ಯಾನೊಮೀಟರ್. ದಪ್ಪ. ನಡಿ,” ಎಂದಿತು ಯಂತ್ರ.

“ಯಜಮಾನರೇ, ನನಗಿಂತ ಮೊದಲು ಬಂದ ಇಬ್ಬರಿಗೂ ಅಷ್ಟೇ ಹೇಳಿದಿರಿ.”

“ಕಾಲ ಕೆಟ್ಟಿದೆ. ಈಗ ಹುಟ್ಟುವವರೆಲ್ಲ ದಪ್ಪವೇ.”

“ತಾವು ನಮ್ಮನ್ನು ನೋಡುವುದು ಹೊಟ್ಟೆಯೊಳಗಿನ ಸೀಳಿನಿಂದ. ಅದಕ್ಕಿಂತ ತೆಳ್ಳಗಿನವರು ಬಂದರೂ ತಮಗೆ ಸೀಳಿನಷ್ಟೇ ಅಗಲ ಕಾಣುತ್ತಾರೆ. ಆ ಸೀಳು ಎಷ್ಟಿದೆ ಎಂದು ಒಮ್ಮೆ ನೋಡಿಕೊಳ್ಳಬಾರದೇ?”

ಹಿರಿಯರ ಹೊಟ್ಟೆಯ ವಿಚಾರ ಎತ್ತಿದ್ದಕ್ಕೆ ಯಂತ್ರಕ್ಕೆ ಸಿಟ್ಟು ಬಂತು. ಆದರೂ ನ್ಯಾಯವಂತ ಅನ್ನಿಸಿಕೊಳ್ಳುವ ಚಪಲ ಬಿಡಬೇಕಲ್ಲ. ತನ್ನ ಜೊತೆ ಕಾರ್ಖಾನೆಯಿಂದ ಬಂದಿದ್ದ ಪುಸ್ತಕ ತಿರುವಿ ನೋಡಿತು. ಬೆಳಕಿನ ಲೆಕ್ಕದಲ್ಲಿ ಸೀಳಿನ ಅಗಲ, ಪಾಯಿಂಟ್ ಒನ್ ನ್ಯಾನೊಮೀಟರ್.

ಪುಸ್ತಕ ಮುಚ್ಚಿಟ್ಟಿತು. ಆಮೇಲೆ ಮುಖ ಅರಳಿತು.

“ನೋಡಿದೆಯಾ, ನನ್ನ ಅಳತೆ ಎಷ್ಟು ಕರಾರುವಾಕ್ಕು. ಖುದ್ದು ನನ್ನನ್ನೇ ಅಳೆದುಕೊಂಡರೂ ಅಷ್ಟೇ ಬಂತು,” ಎಂದು ಲೇಸರನ್ನು ಡಬ್ಬಕ್ಕೆ ಕಳಿಸಿ, “ಮುಂದಿನವರು ಬನ್ನಿ” ಎಂದು ಕೂಗಿತು.